ಅಮ್ಮನ ಫೋನು, ನನ್ನ ಜಡೆ

ತಮ್ಮಾ, ಚಿಕ್ಕಮಗಳೂರಿಂದ ಜರ್ಮನಿಗೆ ಬಂದು ಒಂದೂವರೆ ತಿಂಗಳಾಯ್ತು, ಅಮ್ಮ ದಿನಕ್ಕೆ 5 ಸಲ ವಿಡಿಯೋ ಕಾಲ್ ಮಾಡುತ್ತಾರೆ, ಎತ್ತದಿದ್ದರೆ ಊಟ ಬಿಡುತ್ತಾರೆ, ಹೀಗಾದರೆ ಇಲ್ಲಿ ಹೇಗಕ್ಕಾ ಬದುಕೋದು ಅಂತ ಕೇಳಿದ್ದೀಯ. ಮನೆ ಹುಡುಕೋದು, ಭಾನುವಾರ ಅಂಗಡಿ ಮುಚ್ಚಿರೋದು ಎಲ್ಲ ತಾನಾಗೇ ಅಭ್ಯಾಸ ಆಗುತ್ತದೆ. ಅಮ್ಮನ ವಿಷಯ ಹಾಗಲ್ಲ.

ನಾನು ಸಕಲೇಶಪುರದ ಕಡೆಯವಳು. ಎರಡನೇ ಕ್ಲಾಸಲ್ಲಿದ್ದಾಗ ಕಾಫಿ ಕಣದಲ್ಲಿ ಬಿದ್ದು ಮಂಡಿ ತರಚಿತು. ಅಮ್ಮ ಅತ್ತು, ಬೈದು, ಅಪ್ಪನ ಮೇಲೂ ರೇಗಿ, ಎರಡು ದಿನ ಸ್ಕೂಲಿಗೂ ಕಳಿಸಲಿಲ್ಲ. ಆಮೇಲೆ ಬಿದ್ದಾಗೆಲ್ಲ ತೊಟ್ಟಿ ನೀರಲ್ಲಿ ತೊಳೆದು, ಲಂಗ ಕೆಳಗೆಳೆದುಕೊಂಡು ಒಳಗೆ ಹೋಗುತ್ತಿದ್ದೆ. ಪ್ರೀತಿ ಜಾಸ್ತಿನೇ ಇತ್ತು. ಆದರೆ ನನ್ನ ನೋವಿಗಿಂತ ಅವಳ ಗಾಬರಿ ಸುಧಾರಿಸೋದೇ ದೊಡ್ಡ ಕೆಲಸವಾಗಿತ್ತು.

ಇಲ್ಲಿ ಮೊದಲ ಚಳಿಗಾಲ ಐಸ್ ಮೇಲೆ ಜಾರಿ ಬಲಗೈ ಮಣಿಕಟ್ಟು ಮುರಿಯಿತು. 6 ವಾರ ಪ್ಲಾಸ್ಟರ್. ಎಡಗೈಯಲ್ಲಿ ಫೋನ್ ಹಿಡಿದು ಬರೀ ಮುಖ ತೋರಿಸಿದೆ. "ಊಟ ಆಯ್ತಾ?" "ಆಯ್ತಮ್ಮ." ಎಲ್ಲಿ ಆಗುತ್ತೆ? ಒಂದೇ ಕೈಯಲ್ಲಿ ಬ್ರೆಡ್ಡಿಗೆ ಜಾಮ್ ಸವರಿ ನೋಡು, ತಟ್ಟೆ ಸಮೇತ ಜಾರಿ ಹೋಗುತ್ತದೆ. ಒಂದು ದಿನ, "ಯಾಕೆ, ತಿಂಗಳಿಂದ ಜಡೆನೇ ಹಾಕಿಲ್ಲ?" ಅಂದಳು. "ಇಲ್ಲಿ ಹೀಗೇ ಫ್ಯಾಷನ್" ಅಂದೆ.

ಎರಡು ವರ್ಷ ಬಿಟ್ಟು ಊರಿಗೆ ಹೋದೆ. ತಲೆಗೆ ಎಣ್ಣೆ ಹಚ್ಚುತ್ತಾ ನನ್ನ ಬಲಗೈ ತಿರುಗಿಸಿ ನೋಡಿ, "ಇದೇ ಕೈ ಅಲ್ವಾ?" ಅಂದಳು. ಕೇಳಿದರೆ ನಾನು ಫೋನೇ ಎತ್ತೋದಿಲ್ಲ ಅಂತ ಹೆದರಿ ಸುಮ್ನಿದ್ದಳಂತೆ. ನನಗಂತೂ ಇವತ್ತಿಗೂ ಡಾಕ್ಟರ್ ಎದುರು ಕೂತರೆ "ಅಂಥದ್ದೇನಿಲ್ಲ" ಅನ್ನೋದೇ ಮೊದಲು ಬಾಯಿಗೆ ಬರುತ್ತದೆ.

ಅದಕ್ಕೇ ಹೇಳೋದು, ಫೋನಿಗೆ ದಿನಕ್ಕೆ ಒಂದೇ ಹೊತ್ತು ಗೊತ್ತು ಮಾಡಿಕೋ. ಅಮ್ಮ ಒಂದೆರಡು ದಿನ ಊಟ ಬಿಟ್ಟು ಮುನಿಸಿಕೊಂಡರೂ ಓಡಿ ಹೋಗಿ ಫೋನ್ ಮಾಡಬೇಡ (ಶುಗರ್ ಇದ್ದರೆ ಮಾತು ಬೇರೆ). ಆದರೆ ಜ್ವರ ಬಂದರೆ ಬಂದಿದೆ ಅಂತಲೇ ಹೇಳು. ರಾತ್ರಿ ಹೊತ್ತು ಡಾಕ್ಟರ್ ಬೇಕಾದರೆ 116117, ಪ್ರಾಣಕ್ಕೆ ಅಪಾಯ ಅಂದರೆ 112. ಅಮ್ಮನ ಕೈಲೂ ಕ್ಯಾಲೆಂಡರ್ ಮೇಲೆ ಬರೆಸು. ಅಲ್ಲಿಂದ ಮಾಡಿದರೆ ಇಲ್ಲಿಗೆ ಸಿಗೋದಿಲ್ಲ, ಆದರೂ ಬರೆಸು.

ಇನ್ನೊಂದು. ಇಲ್ಲಿನ ಬೇಸಿಗೆಯಲ್ಲಿ ಊರಿಗೂ ನಮಗೂ ಮೂರೂವರೆ ಗಂಟೆ ವ್ಯತ್ಯಾಸ. ಅಕ್ಟೋಬರ್ ಕೊನೆಯ ಭಾನುವಾರ ಇಲ್ಲಿ ಗಡಿಯಾರ ಒಂದು ಗಂಟೆ ಹಿಂದೆ ಹಾಕುತ್ತಾರೆ, ನಾಲ್ಕೂವರೆ ಆಗುತ್ತದೆ. ಮೊದಲೇ ಹೇಳಿಡು. ಇಲ್ಲದಿದ್ದರೆ ಅವತ್ತು ಅಮ್ಮ ಫೋನ್ ತೊಡೆ ಮೇಲಿಟ್ಟುಕೊಂಡು ಒಂದು ಗಂಟೆ ಕೂತಿರುತ್ತಾರೆ.