ಎ ಸೈಡ್ ಮುಗಿದ ಮೇಲೆ ಅಣ್ಣಾವ್ರು

ಪ್ರಶ್ನೆ: ಪಿಯುಸಿ ಓದುವ ನನ್ನ ಮೊಮ್ಮಗ ಗೋಡೆಗೆ ಒಂದು ಪೋಸ್ಟರ್ ಅಂಟಿಸಿದ್ದಾನೆ. ಬೌದ್ಧ ಭಿಕ್ಷುವೊಬ್ಬರು ರಸ್ತೆ ಮಧ್ಯೆ ಕೂತು ಧಗಧಗ ಉರಿಯುತ್ತಿದ್ದಾರೆ. ‘ರೇಜ್ ಅಗೇನ್‌ಸ್ಟ್ ದ ಮಷೀನ್’ ಎಂಬ ಬ್ಯಾಂಡಿನ ಮೊದಲ ಆಲ್ಬಮ್ಮಿನ ಮುಖಪುಟವಂತೆ. ನಾನು ಚಿಂತೆ ಮಾಡಬೇಕೇ?
– ನಿವೃತ್ತ ಶಿಕ್ಷಕಿ, ಶಿವಮೊಗ್ಗ

ಉತ್ತರ: ಮೇಡಂ, ಅದು ಯಾರೋ ಕೂತು ಬಿಡಿಸಿದ ಚಿತ್ರವಲ್ಲ, ಫೋಟೊ. 1963ರ ಜೂನ್ 11, ದಕ್ಷಿಣ ವಿಯೆಟ್ನಾಮಿನ ಸೈಗಾನ್ ನಗರ. ಭಿಕ್ಷುವಿನ ಹೆಸರು ಥಿಚ್ ಕ್ವಾಂಗ್ ಡುಕ್. ಅಲ್ಲಿನ ಅಧ್ಯಕ್ಷ ದಿಯೆಮ್‌ನ ಸರ್ಕಾರ ಬೌದ್ಧರನ್ನು ತುಳಿಯುತ್ತಿತ್ತು. ಹಿಂದಿನ ತಿಂಗಳಷ್ಟೇ, ಬುದ್ಧ ಜಯಂತಿಗೆ ಧರ್ಮದ ಬಾವುಟ ಹಾರಿಸಕೂಡದೆಂದು ಹ್ವೆ ಪಟ್ಟಣದಲ್ಲಿ ತಡೆದು, ಪ್ರತಿಭಟಿಸಿದವರಲ್ಲಿ ಕೆಲವರು ಪ್ರಾಣ ಕಳಕೊಂಡಿದ್ದರು. ಅದನ್ನು ಪ್ರತಿಭಟಿಸಿ ಈ ಭಿಕ್ಷು ಮೈಗೆ ಬೆಂಕಿ ಹಚ್ಚಿಕೊಂಡರು. ಫೋಟೊ ತೆಗೆದವರು ಎಪಿ ಸುದ್ದಿಸಂಸ್ಥೆಯ ಮಾಲ್ಕಮ್ ಬ್ರೌನ್. ಅದು ಪ್ರಪಂಚದ ಪತ್ರಿಕೆಗಳಲ್ಲೆಲ್ಲ ಬಂತು. ನವೆಂಬರ್ ಹೊತ್ತಿಗೆ ದಿಯೆಮ್ ಅಧಿಕಾರವೂ ಹೋಗಿತ್ತು, ಜೀವವೂ ಹೋಗಿತ್ತು.

ನೀವು ಮೇಷ್ಟ್ರು, ಮೊಮ್ಮಗನಿಗೊಂದು ಮೌಖಿಕ ಪರೀಕ್ಷೆ ಇಡಿ. ಆ ಭಿಕ್ಷು ಯಾರು, ಯಾವ ಊರು, ಯಾತಕ್ಕೆ ಹಾಗೆ ಮಾಡಿದರು? ಹೇಳಿದರೆ ಪೋಸ್ಟರ್ ಇದ್ದಲ್ಲೇ ಇರಲಿ. ತಡವರಿಸಿದರೆ ಕಿತ್ತು ಕೈಗೆ ಕೊಡಿ, ಓದಿಕೊಂಡು ಬಂದು ಅಂಟಿಸಲಿ. ಊಟ, ನಿದ್ದೆ, ಮಾತುಕತೆ ಸರಿಯಾಗಿದ್ದರೆ ಚಿಂತೆ ಬೇಡ. ಅದರಲ್ಲಿ ವ್ಯತ್ಯಾಸ ಕಂಡರೆ ಮಾತ್ರ ಹತ್ತಿರ ಕೂರಿಸಿಕೊಂಡು ಕೇಳಿ. ಆಗಲೂ ತಪ್ಪನ್ನು ಪೋಸ್ಟರಿನ ತಲೆಗೆ ಕಟ್ಟಬೇಡಿ.

ಪ್ರಶ್ನೆ: ಈ ಆಲ್ಬಮ್ಮಿನಲ್ಲಿ ಡಿಜೆ ರೆಕಾರ್ಡ್ ಉಜ್ಜಿದ ಹಾಗೆ ‘ಚಿಕಿಚಿಕಿ’ ಸದ್ದು ಬರುತ್ತಲ್ಲ, ಅದನ್ನು ಗಿಟಾರಿನಲ್ಲೇ ನುಡಿಸಿದ್ದು ಅಂತಾರೆ. ನಿಜವೇ? ಹೇಗೆ?
– ಗಿಟಾರ್ ಕಲಿಯುತ್ತಿರುವವನು, ಹುಬ್ಬಳ್ಳಿ

ಉತ್ತರ: ನಿಜ ಮಾರಾಯ. ಸ್ಯಾಂಪಲ್, ಕೀಬೋರ್ಡ್, ಸಿಂಥಸೈಜರ್ ಯಾವುದನ್ನೂ ಬಳಸಿಲ್ಲ ಅಂತ ಒಳಹಾಳೆಯಲ್ಲೇ ಅಚ್ಚು ಹಾಕಿಸಿದ್ದಾರೆ. ಮಾಡಿದ್ದೆಲ್ಲ ಬ್ಯಾಂಡಿನ ಗಿಟಾರ್ ವಾದಕ ಟಾಮ್ ಮೊರೆಲ್ಲೊ ಕೈ. ಹಾರ್ವರ್ಡಿನಲ್ಲಿ ಓದಿ ಗಿಟಾರ್ ಹೆಗಲಿಗೇರಿಸಿದ ಆಸಾಮಿ, ಅಪ್ಪ ಕೀನ್ಯಾದವರು.

ಎರಡು ಪಿಕಪ್ (ತಂತಿಯ ಸದ್ದು ಹಿಡಿಯುವ ಭಾಗ) ಇದ್ದು, ಎರಡಕ್ಕೂ ಬೇರೆ ಬೇರೆ ವಾಲ್ಯೂಮ್ ಇರುವ ಗಿಟಾರ್ ತಗೊ. ಒಂದರ ವಾಲ್ಯೂಮ್ ಸೊನ್ನೆಗಿಡು, ಇನ್ನೊಂದರದ್ದು ಹತ್ತಕ್ಕೆ. ಈಗ ಪಿಕಪ್ ಬದಲಿಸುವ ಟಾಗಲ್ ಸ್ವಿಚ್ಚನ್ನು ಆ ತುದಿಗೆ ಈ ತುದಿಗೆ ತಳ್ಳಿದರೆ ಸದ್ದು ಬಂತು, ನಿಂತಿತು, ಬಂತು, ನಿಂತಿತು. ಒಂದು ಕೈಯಲ್ಲಿ ತಂತಿ ಉಜ್ಜುತ್ತ ಇನ್ನೊಂದು ಕೈಯಲ್ಲಿ ಸ್ವಿಚ್ ಆಡಿಸು, ಆಯಿತು ಸ್ಕ್ರ್ಯಾಚ್. ‘ಕಿಲ್ಲಿಂಗ್ ಇನ್ ದ ನೇಮ್’ ಸೋಲೊದಲ್ಲಿ ಸ್ವರ ಚಂಗನೆ ಮೇಲೆ ಹಾರುವುದು ಮಾತ್ರ ವ್ಯಾಮಿ ಪೆಡಲ್, ಕಾಲಿನ ಕೆಲಸ. ಓದುವುದಕ್ಕೆ ಸಲೀಸು. ನಾನು ಗೆಳೆಯನ ಗಿಟಾರಿನ ಮೇಲೆ ಪ್ರಯೋಗ ಮಾಡಿದಾಗ ಎರಡೇ ವಾರದಲ್ಲಿ ಸ್ವಿಚ್ ಕಿತ್ತು ಅಂಗೈಗೆ ಬಂತು. ಬೆಂಗಳೂರಿನ ಎಸ್‌.ಪಿ. ರಸ್ತೆಯಲ್ಲಿ ಅರ್ಧ ದಿನ ಅಲೆದು ಅದಕ್ಕೆ ಒಪ್ಪುವ ಸ್ವಿಚ್ ಹುಡುಕಿದೆ. ಗೆಳೆಯ ಆಮೇಲೆ ಗಿಟಾರ್ ಮುಟ್ಟಿಸಲಿಲ್ಲ.

ಇನ್ನೊಂದು ಮಾತು. ಎಲ್ಲರೂ ಗಿಟಾರಿಗೇ ಜೋತು ಬೀಳುತ್ತಾರೆ. ಬ್ರ್ಯಾಡ್ ವಿಲ್ಕ್ ಡ್ರಮ್ಸಿನಲ್ಲಿ ಎಲ್ಲೆಲ್ಲಿ ಹೊಡೆಯದೆ ಬಿಟ್ಟಿದ್ದಾನೆ ಅಂತ ಕೇಳು. ನಮ್ಮ ಮೃದಂಗದವರು ಕಾರ್ವೆ ಅನ್ನುತ್ತಾರಲ್ಲ, ಆ ಥರದ ಬಿಡುವು. ಸಿಟ್ಟು ಕೂತಿರುವುದು ಅಲ್ಲಿ.

ಪ್ರಶ್ನೆ: ವ್ಯವಸ್ಥೆಯನ್ನು ಬೈಯುತ್ತಾರೆ, ಆಲ್ಬಮ್ ತಂದದ್ದು ಮಾತ್ರ ಸೋನಿಯ ಎಪಿಕ್ ಕಂಪನಿ. ಇದೆಂಥ ಕ್ರಾಂತಿ?
– ಬ್ಯಾಂಕ್ ಉದ್ಯೋಗಿ, ಮಂಗಳೂರು

ಉತ್ತರ: ಅದಕ್ಕೂ ಮೊದಲು ಅವರೇ 12 ಹಾಡುಗಳ ಕ್ಯಾಸೆಟ್ ಮಾಡಿ ಮಾರಿದ್ದರು. ಮುಖಪುಟದಲ್ಲಿ ಷೇರುಪೇಟೆ ಪುಟದ ತುಣುಕು, ಅದರ ಮೇಲೆ ಅಂಟಿಸಿದ ಒಂದೇ ಒಂದು ಬೆಂಕಿಕಡ್ಡಿ. ದೊಡ್ಡ ಕಂಪನಿ ಜತೆ ಹೋದರೆ ಹೆಚ್ಚು ಕಿವಿಗೆ ತಲುಪುತ್ತೇವೆ ಎಂಬುದು ಅವರ ವಾದ. ನನಗದು ಪೂರಾ ಗಂಟಲಲ್ಲಿ ಇಳಿದಿಲ್ಲ. ಆದರೆ ಮೈಸೂರಿನ ಹಾಸ್ಟೆಲಿನಲ್ಲಿದ್ದ ನನಗೆ ಆ ಬೆಂಕಿಕಡ್ಡಿ ಕ್ಯಾಸೆಟ್ ಯಾವ ಕಾಲಕ್ಕೂ ಸಿಗುತ್ತಿರಲಿಲ್ಲ, ಅದೂ ಗೊತ್ತು.

ಪ್ರಶ್ನೆ: ರ‍್ಯಾಪ್ ಇಂಗ್ಲಿಷ್ ನನಗೆ ಹಿಡಿಯುವುದಿಲ್ಲ. ಎಲ್ಲಿಂದ ಶುರು ಮಾಡಲಿ? ಬೈಗುಳವೇ ಜಾಸ್ತಿ ಅಂತ ಕೇಳಿದೆ.
– ಸಿವಿಲ್ ಗುತ್ತಿಗೆದಾರ, ದಾವಣಗೆರೆ

ಉತ್ತರ: ಆಲ್ಬಮ್ ಬಂದದ್ದು 1992ರ ನವೆಂಬರಿನಲ್ಲಿ. ಬ್ಯಾಂಡಿನ ಊರು ಲಾಸ್ ಏಂಜಲೀಸ್. ಹಿಂದಿನ ವರ್ಷ ಅಲ್ಲಿ ರಾಡ್ನಿ ಕಿಂಗ್ ಎಂಬ ಕಪ್ಪು ವ್ಯಕ್ತಿಯನ್ನು ಪೊಲೀಸರು ಬಡಿದದ್ದು ವಿಡಿಯೊದಲ್ಲಿ ಸೆರೆಯಾಗಿತ್ತು. 1992ರ ಏಪ್ರಿಲ್ 29ರಂದು ಆ ಪೊಲೀಸರ ಪರವಾಗಿ ತೀರ್ಪು ಬಂದು ಊರು ಹೊತ್ತಿ ಉರಿಯಿತು, 50ಕ್ಕೂ ಹೆಚ್ಚು ಜನ ಸತ್ತರು. ‘ಕಿಲ್ಲಿಂಗ್ ಇನ್ ದ ನೇಮ್’ ಕೇಳುವಾಗ ಇಷ್ಟು ತಲೆಯಲ್ಲಿದ್ದರೆ ಸಾಕು. ಅದರ ಕೊನೆಯಲ್ಲಿ ಗಾಯಕ ಝ್ಯಾಕ್ ಡೆ ಲಾ ರೋಚಾ ‘ನೀನು ಹೇಳಿದ್ದು ನಾನು ಮಾಡಲ್ಲ’ ಎಂಬ ಅರ್ಥದ ಒಂದೇ ಸಾಲನ್ನು, ಬೈಗುಳ ಸೇರಿಸಿ, 16 ಸಲ ಹೇಳುತ್ತಾನೆ, ಪಿಸುಮಾತಿನಿಂದ ಕಿರುಚಾಟದವರೆಗೆ. 2009ರಲ್ಲಿ ಬ್ರಿಟನ್ನಿನ ಜನ ಟಿವಿ ಸ್ಪರ್ಧೆಯ ವಿಜೇತನ ಹಾಡಿಗೆ ಎದುರಾಗಿ ಇದನ್ನು ಕೊಂಡು ಕೊಂಡು ಕ್ರಿಸ್‌ಮಸ್ ವಾರದ ಮಾರಾಟ ಪಟ್ಟಿಯ ಮೊದಲ ಸ್ಥಾನಕ್ಕೆ ತಂದು ಕೂರಿಸಿದರು. ಆ ವಾರ ಬಿಬಿಸಿ ರೇಡಿಯೊದವರು ಆ ಬೈಗುಳ ಬಿಟ್ಟು ಹಾಡಿ ಅಂತ ಕೇಳಿಕೊಂಡರು. ಮಾಡಲ್ಲ ಅಂತಲೇ ಹಾಡಿರುವವರನ್ನು ಹಾಗೆ ಕೇಳಬಹುದೇ! ಮೊದಮೊದಲು ಬಿಟ್ಟು ಹಾಡಿದವರು ಆಮೇಲೆ ಬಾಯಿ ತುಂಬ ಹಾಡಿದರು, ರೇಡಿಯೊದವರು ಸದ್ದು ಇಳಿಸಬೇಕಾಯಿತು.

ನೀವು ಎ ಸೈಡಿನ ಐದು ಹಾಡನ್ನು ಅದೇ ಸಾಲಿನಲ್ಲಿ ಕೇಳಿ. ಸುಮಾರು 25 ನಿಮಿಷ. ಲೆಕ್ಕ ನನಗೆ ಬಾಯಿಪಾಠ, ಯಾಕೆಂದರೆ ನನ್ನದು 60 ನಿಮಿಷದ ಕ್ಯಾಸೆಟ್ಟಿಗೆ ರೆಕಾರ್ಡ್ ಮಾಡಿಸಿಕೊಂಡ ಕಾಪಿ. ಮುಖಪುಟ ಇಲ್ಲ, ಬಾಲ್‌ಪೆನ್ನಿನಲ್ಲಿ ಬರೆದ ಹೆಸರುಗಳಷ್ಟೇ; ಆ ಭಿಕ್ಷುವನ್ನು ನಾನು ಕಂಡದ್ದು ಎಷ್ಟೋ ವರ್ಷ ಕಳೆದು. ಎ ಸೈಡಿನಲ್ಲಿ ಐದು ನಿಮಿಷ ಟೇಪ್ ಉಳಿಯುತ್ತಿತ್ತು. ‘ಖಾಲಿ ಬಿಟ್ರೆ ಗಿರಾಕಿಗಳು ಬೈತಾರೆ’ ಅಂತ ಅಂಗಡಿಯಾತ ಅಲ್ಲಿಗೆ ಅಣ್ಣಾವ್ರ ಒಂದು ಹಾಡು ತುಂಬಿಸಿದ್ದ. ಐದನೇ ಹಾಡಿನ ಗದ್ದಲ ನಿಂತು, ಟೇಪ್ ಒಂದು ಕ್ಷಣ ಸುಂಯ್ ಅಂದು, ವೀಣೆ. ರೂಂಮೇಟ್ ಎದ್ದು ಕೂತು ‘ಈಗ ಸರಿಹೋಯ್ತು’ ಅನ್ನುತ್ತಿದ್ದ.

ಪ್ರಶ್ನೆ: ಕೊನೆಯ ಹಾಡು ‘ಫ್ರೀಡಂ’ನ ವಿಡಿಯೊದಲ್ಲಿ ಬರುವ ಲಿಯೊನಾರ್ಡ್ ಪೆಲ್ಟಿಯರ್ ಈಗ ಎಲ್ಲಿದ್ದಾರೆ?
– ಕಾನೂನು ವಿದ್ಯಾರ್ಥಿನಿ, ಕಲಬುರಗಿ

ಉತ್ತರ: ಅಮೆರಿಕದ ಮೂಲನಿವಾಸಿ ಹೋರಾಟಗಾರ. 1975ರಲ್ಲಿ ಮೂಲನಿವಾಸಿಗಳ ನೆಲೆಯಾದ ಪೈನ್ ರಿಜ್‌ನಲ್ಲಿ ಇಬ್ಬರು ಎಫ್‌ಬಿಐ ಏಜೆಂಟರು ಹತರಾದ ಪ್ರಕರಣದಲ್ಲಿ ಎರಡು ಜೀವಾವಧಿ ಶಿಕ್ಷೆ ಆಗಿತ್ತು. ತಾನು ಕೊಂದಿಲ್ಲ ಎಂದೇ ಹೇಳುತ್ತ ಬಂದರು. 2025ರ ಜನವರಿಯಲ್ಲಿ ಬೈಡನ್ ಅಧಿಕಾರ ಬಿಡುವ ಮುನ್ನ ಶಿಕ್ಷೆಯನ್ನು ಗೃಹಬಂಧನಕ್ಕೆ ಇಳಿಸಿದರು. ಕ್ಷಮಾದಾನವಲ್ಲ, ನೀವು ಕಾನೂನು ಓದುವವರು, ವ್ಯತ್ಯಾಸ ಗೊತ್ತಿರುತ್ತದೆ. ಫೆಬ್ರುವರಿ 18ರಂದು ಜೈಲಿನಿಂದ ಹೊರಬಂದು ನಾರ್ತ್ ಡಕೋಟದ ತಮ್ಮ ಜನರ ನಡುವೆ ಹೋದರು. ಆಗ ಅವರಿಗೆ 80 ವರ್ಷ.