ಕುಮಾರವ್ಯಾಸ ಸಾಲಿನ ಕೊನೆಯಲ್ಲಿ ಪದವನ್ನು ಅರ್ಧಕ್ಕೆ ಮುರಿಯುವುದೇಕೆ?

‘ಕರ್ಣಾಟ ಭಾರತ ಕಥಾಮಂಜರಿ’ಯ ಮೊದಲ ಪದ್ಯವನ್ನೇ ನೋಡಿ: ‘ಶ್ರೀವನಿತೆಯರಸನೆ ವಿಮಲ ರಾ / ಜೀವ ಪೀಠನ ಪಿತನೆ’. ‘ರಾಜೀವ’ ಎರಡು ತುಂಡಾಗಿದೆ. ಇದು ಮುದ್ರಣದ ತಪ್ಪಲ್ಲ, ಆರು ಸಾಲಿನ ಪದ್ಯವಾದ ಭಾಮಿನಿ ಷಟ್ಪದಿಯ ಲೆಕ್ಕ.

ಇದರ 1, 2, 4, 5ನೇ ಸಾಲುಗಳಿಗೆ 3+4+3+4, ಅಂದರೆ 14 ಮಾತ್ರೆ (ಒಂದು ಹ್ರಸ್ವಾಕ್ಷರ ಹೇಳಲು ಬೇಕಾದ ಕಾಲ ಒಂದು ಮಾತ್ರೆ). 3 ಮತ್ತು 6ನೇ ಸಾಲಿಗೆ ಅದರ ಒಂದೂವರೆ ಪಟ್ಟು, ಮೇಲೊಂದು ಗುರು (ಎರಡು ಮಾತ್ರೆಯ ಅಕ್ಷರ): 23. ಈಗ ಎಣಿಸಿ: ಶ್ರೀವ (3) | ನಿತೆಯರ (4) | ಸನೆವಿ (3) | ಮಲರಾ (4). ‘ವಿಮಲ’ಕ್ಕೇ ನಿಲ್ಲಿಸಿದ್ದರೆ ಎರಡು ಮಾತ್ರೆ ಕಡಿಮೆ ಬೀಳುತ್ತಿತ್ತು.

ಇನ್ನೂ ಸೊಗಸಾದ ಕಾರಣ ಪ್ರಾಸ. ಪ್ರತಿ ಸಾಲಿನ ಎರಡನೇ ಅಕ್ಷರದಲ್ಲಿ ಒಂದೇ ವ್ಯಂಜನ ಬರಬೇಕು: ಶ್ರೀ‘ವ’, ಜೀ‘ವ’, ಮೂರನೇ ಸಾಲಿನ ಪಾ‘ವ’ನನೆ. ಎರಡನೇ ಸಾಲು ‘ರಾಜೀವ’ ಎಂದೇ ಶುರುವಾಗಿದ್ದರೆ ಆ ಜಾಗಕ್ಕೆ ‘ಜೀ’ ಬಂದು ಪ್ರಾಸ ಕೆಡುತ್ತಿತ್ತು. ಒಂದೇ ಕಡೆ ಮುರಿದು ಮಾತ್ರೆ, ಪ್ರಾಸ ಎರಡನ್ನೂ ಕೂಡಿಸಿದ ಕೈಚಳಕ ಇದು!

ಎಣಿಸುವಾಗ ಸಾಮಾನ್ಯವಾಗಿ ಎಡವುವುದು ಒತ್ತಕ್ಷರದಲ್ಲಿ. ‘ಸಜ್ಜನ’ದಲ್ಲಿ ‘ಸ’ ಹ್ರಸ್ವವಾದರೂ ಮುಂದೆ ‘ಜ್ಜ’ ಇರುವುದರಿಂದ ಗುರು, ಹಾಗಾಗಿ ಒಟ್ಟು 4 ಮಾತ್ರೆ. ಮೂರನೇ ಸಾಲಿನ ಕೊನೆಯ ‘ದಾತಾರ’ದ ‘ರ’ ಲಘುವಾಗಿ (ಒಂದೇ ಮಾತ್ರೆಯದಾಗಿ) ಕಂಡರೂ ಗುರುವೆಂದೇ ಲೆಕ್ಕ.

ಓದುವಾಗ ಮಾತ್ರ ಸಾಲಿನ ಕೊನೆಗೆ ನಿಲ್ಲಬೇಡಿ; ಕಾವ್ಯವನ್ನು ರಾಗವಾಗಿ ವಾಚಿಸುವ ಗಮಕಿಗಳಂತೆ ಅರ್ಥ ಮುಗಿದಲ್ಲಿ ನಿಲ್ಲಿಸಿ.