ಅರಮನೆ ದಿನಚರಿಗಳ ಮರುಮುದ್ರಣ ಕೊಳ್ಳುವ ಮೊದಲು

ಅಕ್ಕಾ, ಬದಿಯಡ್ಕದಿಂದ ನೀವು ಕೇಳಿದ್ದು ಎರಡು ಪ್ರಶ್ನೆ. ಇಕ್ಕೇರಿಯ ಸಂಗತಿ ಓದಬೇಕೆಂದು ಹದಿನೇಳನೇ ಶತಮಾನದ ಇಟಲಿಯ ಪ್ರವಾಸಿ ಪಿಯೆತ್ರೊ ದೆಲ್ಲಾ ವಾಲೆಯ ಪ್ರವಾಸದ ಪತ್ರಗಳ ಮರುಮುದ್ರಣ ತರಿಸಿದರೆ ಅದರಲ್ಲಿ ಇಕ್ಕೇರಿಯೇ ಇಲ್ಲ, ಯಾಕೆ ಅಂತ ಒಂದು. ಆಸ್ಥಾನದ ಬದುಕನ್ನು ಕಣ್ಣಾರೆ ಕಂಡವರ ದಿನಚರಿ, ನೆನಪುಗಳನ್ನು ಸಂಗ್ರಹಿಸುವಾಗ ದುಡ್ಡು ದಂಡವಾಗದ ಹಾಗೆ ಏನು ನೋಡಬೇಕು ಅಂತ ಇನ್ನೊಂದು.

ಮೊದಲನೆಯದು ಸುಲಭ. ನಿಮಗೆ ಬಂದದ್ದು ಒಂದನೇ ಸಂಪುಟ. ಹಳೆಯ ಪ್ರವಾಸಕಥನಗಳನ್ನು ಅಚ್ಚು ಹಾಕುವ ಇಂಗ್ಲೆಂಡಿನ ಹಾಕ್ಲೂಯ್ಟ್ ಸೊಸೈಟಿ 1892ರಲ್ಲಿ ಎಡ್ವರ್ಡ್ ಗ್ರೇ ಅವರ ಟಿಪ್ಪಣಿಗಳ ಜೊತೆ ಇದನ್ನು ಎರಡು ಸಂಪುಟಗಳಲ್ಲಿ ತಂದಿತ್ತು. ಒಳಗಿನ ಇಂಗ್ಲಿಷ್ ಅನುವಾದ ಇನ್ನೂ ಹಳೆಯದು, 1664ರದ್ದು. ಹೊನ್ನಾವರ, ಇಕ್ಕೇರಿ, ಮಂಗಳೂರಿನಿಂದ ಬರೆದ ಪತ್ರಗಳೆಲ್ಲ ಎರಡನೇ ಸಂಪುಟದಲ್ಲಿವೆ. ಸ್ಕ್ಯಾನ್ ಮಾಡಿ ಅಚ್ಚು ಹಾಕುವವರಲ್ಲಿ ಕೆಲವರು ಎರಡನ್ನೂ ಬಿಡಿಬಿಡಿಯಾಗಿ ಮಾರುತ್ತಾರೆ, ಸಂಪುಟದ ಸಂಖ್ಯೆ ರಟ್ಟಿನ ಮೇಲೆ ಇರುವುದೇ ಇಲ್ಲ.

ಆ ಎರಡನೇ ಸಂಪುಟವನ್ನು ಮಾತ್ರ ಬಿಡಬೇಡಿ ಮಾರಾಯ್ರೆ. ಬೇಕಲ ಕೋಟೆ ಕಟ್ಟಿಸಿದ ಶಿವಪ್ಪ ನಾಯಕನಿಗಿಂತ ಮೊದಲು ಇಕ್ಕೇರಿಯನ್ನು ಆಳಿದ ವೆಂಕಟಪ್ಪ ನಾಯಕನ ಆಸ್ಥಾನಕ್ಕೆ ಈ ಇಟಲಿಯವನು ಹೋದದ್ದು 1623ರ ನವೆಂಬರಿನಲ್ಲಿ, ಗೋವೆಯ ಪೋರ್ಚುಗೀಸ್ ರಾಯಭಾರಿಯ ಜೊತೆ. ರಾಯಭಾರದ ಉಪಚಾರಕ್ಕಿಂತ ಹೆಚ್ಚಿನ ಸ್ವಾರಸ್ಯ ಬೀದಿಯಲ್ಲಿದೆ. ಗಂಡನ ಜೊತೆ ಚಿತೆ ಏರಲು ನಿಶ್ಚಯಿಸಿದ ಹೆಂಗಸೊಬ್ಬಳು ಒಂದು ಕೈಯಲ್ಲಿ ಕನ್ನಡಿ, ಇನ್ನೊಂದರಲ್ಲಿ ನಿಂಬೆಹಣ್ಣು ಹಿಡಿದು ಕುದುರೆಯ ಮೇಲೆ ಹೋಗುವುದನ್ನು ನೋಡುತ್ತಾನೆ. ಇನ್ನೊಬ್ಬಳು ಡೋಲು ಬಾರಿಸುವವನ ಹೆಂಡತಿ. ಅವಳ ಹೆಸರನ್ನು ಅವನು ಬರೆದದ್ದು ನೋಡಿದರೆ ಜಕ್ಕಮ್ಮ ಇರಬೇಕು. ಅವಳ ಮನೆಗೇ ಹೋಗಿ ಮಾತಾಡಿಸಿ, ಬೇಡ ಎಂದು ಹೇಳಿ ನೋಡುತ್ತಾನೆ. ಅವಳು ಜಗ್ಗುವುದಿಲ್ಲ. ಯಾವ ರಾಜವಂಶಾವಳಿಯಲ್ಲೂ ಡೋಲಿನವನ ಹೆಂಡತಿಯ ಹೆಸರು ಸಿಕ್ಕಲಿಕ್ಕಿಲ್ಲ. ಘಟ್ಟದ ದೇವಸ್ಥಾನದಲ್ಲಿ ಮಕ್ಕಳು ನೆಲಕ್ಕೆ ಹರಡಿದ ಮರಳಿನಲ್ಲಿ ಬೆರಳಿನಿಂದ ಅಂಕಿ ಬರೆಯುತ್ತಾ ರಾಗವಾಗಿ ಲೆಕ್ಕ ಕಲಿಯುವುದೂ ಅಲ್ಲೇ ಇದೆ.

ಆಮೇಲೆ ಮಂಗಳೂರಿನ ಕಡೆಗೆ ಬಂದು ಮಣೇಲಿನಲ್ಲಿ ಉಳ್ಳಾಲದ ರಾಣಿಯನ್ನು ಕಾಣುತ್ತಾನೆ, ಅಬ್ಬಕ್ಕದೇವಿ ಚೌಟ. ರಾಣಿ ಬರಿಗಾಲಲ್ಲಿ ನಡೆದುಕೊಂಡು ಅಗೆತದ ಕೆಲಸ ನೋಡಲು ಹೊರಟಿದ್ದಳು. ಅಡುಗೆಮನೆಯ ಕೆಲಸದವಳ ಹಾಗೆ ಕಂಡಳು ಎಂದು ಸಾಹೇಬ ಮೊದಲು ಮೂಗು ಮುರಿಯುತ್ತಾನೆ, ಮಾತಾಡಿದ ಮೇಲೆ ಅವಳ ವಿವೇಕಕ್ಕೆ ತಲೆದೂಗುತ್ತಾನೆ. ಅವನ ಜಂಬವನ್ನು ಕಳೆದು ಓದಿದರೆ ಕೆಲಸದ ಮೇಲೆ ಕಣ್ಣಿಟ್ಟ ಒಡತಿಯೊಬ್ಬಳು ಎದ್ದು ಕಾಣುತ್ತಾಳೆ. ನಮ್ಮೂರ ನಾಟಕಗಳ ಅಬ್ಬಕ್ಕನಿಗಿಂತ ನನಗೆ ಇವಳೇ ಇಷ್ಟ.

ಈಗ ಎರಡನೇ ಪ್ರಶ್ನೆ. ಮಾರುವವರಲ್ಲಿ ಮೊದಲು ಕೇಳಬೇಕಾದದ್ದು ಇದು ಯಾವ ಆವೃತ್ತಿಯ ಮರುಮುದ್ರಣ ಅಂತ. ಹೊಸ ರಟ್ಟು, ಹೊಸ ಇಸವಿ ನೋಡಿ ಮರುಳಾಗಬೇಡಿ. ಫ್ಯಾನಿ ಬರ್ನಿಯ ದಿನಚರಿಯನ್ನೇ ತೆಗೆದುಕೊಳ್ಳಿ. ಹೆಸರು ಮಾಡಿದ ಕಾದಂಬರಿಗಾರ್ತಿ, 1786ರಿಂದ 1791ರವರೆಗೆ ಇಂಗ್ಲೆಂಡಿನ ರಾಣಿ ಷಾರ್ಲೆಟ್‌ಗೆ ಬಟ್ಟೆ ತೊಡಿಸುವ ಚಾಕರಿಯಲ್ಲಿದ್ದಳು. ಗಂಟೆ ಬಾರಿಸಿದರೆ ಓಡಬೇಕು. ಆ ಗಂಟೆಯ ಅವಮಾನವನ್ನು ಅವಳು ಮುಚ್ಚಿಡುವುದಿಲ್ಲ. ಬುದ್ಧಿ ಕೆಟ್ಟಿದ್ದ ಮೂರನೇ ಜಾರ್ಜ್ 1789ರ ಫೆಬ್ರವರಿಯಲ್ಲಿ ಲಂಡನ್ ಬಳಿಯ ಕ್ಯೂ ಅರಮನೆಯ ತೋಟದಲ್ಲಿ ಅವಳನ್ನು ಅಟ್ಟಿಸಿಕೊಂಡು ಬಂದದ್ದು, ಇವಳು ದಿಕ್ಕೆಟ್ಟು ಓಡಿದ್ದು, ಕೊನೆಗೆ ದೊರೆ ಕೆನ್ನೆಗೆ ಮುತ್ತಿಟ್ಟು ಗಂಟೆಗಟ್ಟಲೆ ಅಲ್ಲದಿದ್ದರೂ ಸಾಕಷ್ಟು ಹೊತ್ತು ಹರಟಿದ್ದು ಎಲ್ಲ ಇದೆ. ಆದರೆ ಮುದುಕಿಯಾದ ಮೇಲೆ ಅವಳೇ ಎಷ್ಟೋ ಸಾಲು ಹೊಡೆದುಹಾಕಿದಳು. ಸತ್ತ ಮೇಲೆ ಅವಳ ತಂಗಿಯ ಮಗಳು ಷಾರ್ಲೆಟ್ ಬ್ಯಾರೆಟ್ ಇನ್ನಷ್ಟು ಕತ್ತರಿಸಿ 1842ರಿಂದ 46ರವರೆಗೆ ಏಳು ಸಂಪುಟ ಹೊರಗೆ ತಂದಳು. ಅಗ್ಗಕ್ಕೆ ಸಿಗುವವು ಹೆಚ್ಚಾಗಿ ಇದರದ್ದೇ ನಕಲು, ಇಲ್ಲವೇ ಸಂಕ್ಷೇಪ. ಹೊಡೆದ ಸಾಲುಗಳನ್ನೂ ಬಿಡಿಸಿ ಓದಿ ಆಸ್ಥಾನದ ವರ್ಷಗಳಷ್ಟನ್ನೇ ಆಕ್ಸ್‌ಫರ್ಡ್‌ನವರು ಆರು ಸಂಪುಟ ಮಾಡಿದ್ದಾರೆ, 2011ರಿಂದ 2019ರ ನಡುವೆ. ಅದರ ಬೆಲೆ ನಮ್ಮ ಕೈಗೆ ಎಟುಕುವಂಥದ್ದಲ್ಲ. ಹಳೆಯದನ್ನೇ ಓದಿ, ಕತ್ತರಿ ಬಿದ್ದದ್ದು ಅಂತ ತಿಳಿದುಕೊಂಡು ಓದಿದರಾಯಿತು.

ವಿಜಯನಗರವನ್ನು ಕಣ್ಣಾರೆ ಕಂಡ ಪೋರ್ಚುಗೀಸ್ ಪ್ರವಾಸಿ ಪಾಯೆಸ್‌ನ ಬರಹ ಬೇಕಾದರೆ ಅವನ ಹೆಸರಲ್ಲಿ ಹುಡುಕಬೇಡಿ. ರಾಬರ್ಟ್ ಸೆವೆಲ್‌ನ 1900ರ ಪುಸ್ತಕ ‘ಎ ಫರ್ಗಾಟನ್ ಎಂಪೈರ್’ನ ಹಿಂಭಾಗದಲ್ಲಿ ಪಾಯೆಸ್, ಇನ್ನೊಬ್ಬ ಪೋರ್ಚುಗೀಸ ನೂನಿಜ್ ಇಬ್ಬರ ಬರಹದ ಅನುವಾದವೂ ಇದೆ. ಕೃಷ್ಣದೇವರಾಯ ಬೆಳಗಾಗುವ ಮೊದಲೇ ಎಳ್ಳೆಣ್ಣೆ ಕುಡಿದು, ಮೈಗೂ ತಿಕ್ಕಿಸಿಕೊಂಡು, ಭಾರ ಎತ್ತಿ ಕತ್ತಿ ಬೀಸಿ ಆ ಎಣ್ಣೆಯೆಲ್ಲ ಬೆವರಾಗುವವರೆಗೆ ಸಾಧನೆ ಮಾಡುತ್ತಿದ್ದ ವಿವರ ಅದರಲ್ಲೇ ಇರುವುದು. ಆ ಭಾಗ ಇದೆಯಾ ಎಂದು ಪರಿವಿಡಿಯ ಫೋಟೋ ತರಿಸಿ ನೋಡಿ.

ಕನ್ನಡದಲ್ಲಿ ಬೇಕಾದರೆ ಮೈಸೂರು ವಾಸುದೇವಾಚಾರ್ಯರ ನೆನಪುಗಳಿಂದ ಶುರು ಮಾಡಿ. ಆಸ್ಥಾನ ವಿದ್ವಾಂಸರೇ ಬರೆದದ್ದು. ದಿನಚರಿ ಅಲ್ಲ, ಇಳಿವಯಸ್ಸಿನ ನೆನಪು. ಇಸವಿಗೆ ಬೇರೆ ಪುಸ್ತಕ ನೋಡಿ, ಸಂಗೀತಗಾರರ ನಡೆನುಡಿಗೆ ಇದನ್ನು ನಂಬಿ.

ಇನ್ನು ಅಚ್ಚಿನ ವಿಷಯ. ಹಳೆಯ ಪುಸ್ತಕಗಳ ಮಡಚುವ ನಕ್ಷೆಗಳನ್ನು ಸ್ಕ್ಯಾನ್ ಮಾಡುವವರು ಬಿಡಿಸುವ ಗೋಜಿಗೆ ಹೋಗುವುದಿಲ್ಲ. ಪುಟ ತಿರುವಿದರೆ ಅರ್ಧ ನಕ್ಷೆ, ಪಕ್ಕದಲ್ಲಿ ಯಾರದೋ ಹೆಬ್ಬೆರಳು. ಹಣ ಕಳಿಸುವ ಮೊದಲು ಇಂಟರ್ನೆಟ್ ಆರ್ಕೈವ್ ಎಂಬ ಜಾಲತಾಣದಲ್ಲಿ ಅದೇ ಆವೃತ್ತಿ ತೆರೆದು ನೋಡಿ, ಹೆಚ್ಚಿನವು ಪುಕ್ಕಟೆ ಸಿಗುತ್ತವೆ. ಓದಿ ಇಷ್ಟವಾದದ್ದಕ್ಕೆ ಮಾತ್ರ ದುಡ್ಡು ಹಾಕಿ. ಅಂಟು ಬೈಂಡಿಂಗಿನದ್ದಾದರೆ ನಮ್ಮ ಆಟಿ ಮಳೆಗೆ ಹಾಳೆ ಬಿಟ್ಟುಕೊಳ್ಳುತ್ತದೆ. ಮಳೆಗಾಲ ಹಿಡಿಯುವ ಮೊದಲೇ ಬೈಂಡರಿಗೆ ಕೊಟ್ಟು ಹೊಲಿಸಿ. ಅಂಚು ಕತ್ತರಿಸಬೇಡಿ ಎಂದು ಬಾಯಿಬಿಟ್ಟು ಹೇಳಿ, ಇಲ್ಲದಿದ್ದರೆ ಬದಿಯ ಟಿಪ್ಪಣಿಗಳೂ ಹೋಗುತ್ತವೆ.

ನಿಮ್ಮ ಒಂದನೇ ಸಂಪುಟವನ್ನು ವಾಪಸು ಮಾಡಬೇಡಿ. ಸೂರತ್, ಖಂಭಾತ್, ಗೋವೆ ಎಲ್ಲ ಅದರಲ್ಲಿದೆ.